ಹೊಳೆಗಿಳಿಯುವ ಸಾಲು

ಮಗಳ ಪುಸ್ತಕದಲ್ಲಿ ಲೆಕ್ಕ ಹೀಗಿತ್ತು:
ಐದು ಪುಸ್ತಕಗಳನ್ನು ಕಪಾಟಿನಲ್ಲಿ
ಎಷ್ಟು ಬಗೆಯಲ್ಲಿ ಜೋಡಿಸಬಹುದು?
ನಮ್ಮ ಕ್ವಾರ್ಟರ್ಸಿನಲ್ಲಿ ಕಪಾಟಿಲ್ಲ.
"ಆನೆ ಇವೆಯಲ್ಲ ಅಬ್ಬಾ, ಐದು" ಅಂದಳು ಮೆಹರೂನ್,
ಕುಸುರೆ ಕಟ್ಟುವ ಶೆಡ್ಡಿನ ಗೋಡೆಯೆದುರು
ಇದ್ದಿಲು ಹಿಡಿದು ನಿಂತಳು.

ರಾತ್ರಿ ಕಾಡಿಗೆ ಬಿಟ್ಟವನ್ನು
ಸರಪಳಿ ಎಳೆದ ಗೀರು ಹಿಡಿದು ಹುಡುಕಿ
ಸಕ್ರೆಬೈಲಿನ ಈ ದಡಕ್ಕೆ ತಂದು
ತುಂಗೆಯ ಹಿನ್ನೀರಿಗೆ ಇಳಿಸುವುದು ನನ್ನ ಕೆಲಸ.
ಮಾವುತನಲ್ಲ, ಕಾವಾಡಿ.
ಇಪ್ಪತ್ತಾರು ವರ್ಷ ಇಳಿಸಿದ್ದೇನೆ,
ಎಷ್ಟು ಬಗೆ ಅಂತ ಯಾರೂ ಕೇಳಿರಲಿಲ್ಲ.

"ಮೊದಲ ಜಾಗಕ್ಕೆ ಐವರಲ್ಲಿ ಯಾರಾದರೂ ಸೈ.
ಒಬ್ಬರು ಹೋದರೆ ಎರಡನೆಯದಕ್ಕೆ ನಾಲ್ವರು.
ಕೂಡಬಾರದು ಅಬ್ಬಾ, ಗುಣಿಸಬೇಕು.
ಯಾರು ಮುಂದೆ ಹೋದರೂ ಅವರ ಬೆನ್ನಿಗೆ
ನಾಲ್ಕು ಬೇರೆ ಬೇರೆ ಬೆಳಗು ಇರುತ್ತದಲ್ಲ!"
ಐದು ನಾಕ್ಲೆ ಇಪ್ಪತ್ತು, ಇಪ್ಪತ್ತು ಮೂರ್ಲೆ ಅರವತ್ತು,
ಅರವತ್ತು ಎರಡ್ಲೆ ನೂರಿಪ್ಪತ್ತು.
ಕೊನೆಗೆ ಉಳಿದ ಆನೆಗೆ ಆಯ್ಕೆಯೇ ಇಲ್ಲ, ಪಾಪ,
ಆ ಒಂದನ್ನೂ ಗುಣಿಸಿದಳು. ಬಿಡಬಾರದಂತೆ.

ಐದು ಬರೆದು ಪಕ್ಕಕ್ಕೊಂದು ಆಶ್ಚರ್ಯಸೂಚಕ ಇಟ್ಟಳು.
ಅಷ್ಟೇ ಸಾಕಂತೆ, ನೂರಿಪ್ಪತ್ತೂ ಅದರೊಳಗಿದೆಯಂತೆ.
ಆದರೂ ಮೂರು ಸಂಜೆ ಕೂತು
ಹೆಸರಿನ ಮೊದಲಕ್ಷರ ಹಾಕಿ ಒಂದೊಂದೇ ಸಾಲು ಬರೆದಳು,
ಗೋಡೆ ಮುಗಿದು ಬಾಗಿಲಿಗೂ ಬಂತು.

ನಾನು ನಕ್ಕೆ. ಇದೆಲ್ಲ ಆನೆಗೆ ಗೊತ್ತಿಲ್ಲವಲ್ಲ ಮಗಳೇ.
ಸೂಜಿ ಇನ್ನೂ ಹಾಲು ಬಿಟ್ಟಿಲ್ಲ,
ಚಂಪಾಳ ಬಾಲದ ಹಿಂದೆಯೇ ಅದರ ಜಾಗ.
"ಹಾಗಾದರೆ ತಾಯಿ ಮರಿ ಸೇರಿ ಒಂದು."
ಗೀಟು ಹೊಡೆಯುತ್ತ ಬಂದಳು. ಇಪ್ಪತ್ನಾಲ್ಕು.
ಭರಮನಿಗೆ ಮದ ಈಗಷ್ಟೇ ಇಳಿದಿದೆ,
ಅವನ ಬೆನ್ನ ಹಿಂದೆ ಯಾರೂ ಇರಕೂಡದು.
ಆರು.
ಇಂದುಮತಿ ಮುಂದೆ ಹೋಗದೆ
ಉಳಿದವು ನೀರಿಗೆ ಕಾಲಿಡುವುದಿಲ್ಲ.
"ಬರೀ ಎರಡಾ ಅಬ್ಬಾ?"
ಮುಖ ಸಣ್ಣದಾಯಿತು.

ಎರಡೇ. ಮಾದಪ್ಪ ಚಂಪಾಳಿಗಿಂತ ಮುಂಚೆ,
ಇಲ್ಲವೇ ಸೂಜಿಯ ಹಿಂದೆ.
ಅದರ ಮೇಲೆಯೇ ನಾನೂ ಮಾವುತ ಗಂಗೋಜಿಯೂ
ದಿನಾ ಒಂದೊಂದು ಟೀ ಪಂದ್ಯ ಕಟ್ಟುತ್ತೇವೆ,
ಹನ್ನೊಂದು ವರ್ಷದಿಂದ. ಅವನೇ ಜಾಸ್ತಿ ಗೆದ್ದಿದ್ದಾನೆ.
ಅವಳಿಗೆ ಹೇಳಲಿಲ್ಲ.

ಸಂಕ್ರಾಂತಿ ಕಳೆದು ನಾಲ್ಕನೇ ದಿನ
ಮಲಗಿದ ಇಂದುಮತಿ ಏಳಲಿಲ್ಲ.
ಡಾಕ್ಟರು ಬಂದರು, ಡ್ರಿಪ್ಪು ಹಾಕಿದರು,
ಆಮೇಲೆ ಜೆಸಿಬಿ ಬಂತು.
ಆಫೀಸಿನ ರಿಜಿಸ್ಟರಿನಲ್ಲಿ ಐದು ಹೊಡೆದು ನಾಲ್ಕು ಬರೆದರು.
ಮೆಹರೂನ್ ಊಟಕ್ಕೆ ಕೂತವಳು ತಟ್ಟೆ ನೋಡುತ್ತ,
"ನಾಲ್ಕಕ್ಕೆ ಇಪ್ಪತ್ನಾಲ್ಕೇ ಅಬ್ಬಾ.
ಹೋಗಿದ್ದು ಒಂದಲ್ಲ, ತೊಂಬತ್ತಾರು."
ಅವಳಮ್ಮ ಸಾರು ಬಡಿಸಿ ಸುಮ್ಮನಾದಳು.

ಮರುದಿನ ನಾಲ್ಕೂ ದಡದಲ್ಲಿ ನಿಂತವು.
ಮಾದಪ್ಪ ಮುಂಗಾಲೆತ್ತಿ ಹಾಗೇ ಕೆಳಗಿಟ್ಟ.
ಗಂಗೋಜಿ ಗದರಿದ, ಬೆಲ್ಲ ತೋರಿಸಿದ,
ಆಮೇಲೆ ಅವನೂ ಕಲ್ಲಿನ ಮೇಲೆ ಕೂತ.
ಅತ್ತ ಟಿಕೆಟ್ಟಿನ ಕಿಟಕಿ ತೆರೆದು
ಮಕ್ಕಳ ಗದ್ದಲ ಶುರುವಾಗಿತ್ತು.
ಎಷ್ಟು ಹೊತ್ತೋ. ಚಂಪಾಳ ಕಾಲಸಂದಿಯಿಂದ
ಸೂಜಿ ನುಸುಳಿ, ಜಾರಿ, ಮುಗ್ಗರಿಸಿ
ತಾನೊಬ್ಬಳೇ ನೀರಿಗೆ ಬಿದ್ದಳು.
ಕೂಗುತ್ತ ಧುಮುಕಿದಳು ತಾಯಿ,
ಆಮೇಲೆ ಮಾದಪ್ಪ. ಭರಮ ಕೊನೆಗೆ.
ಪಂದ್ಯ ಕಟ್ಟಿರಲಿಲ್ಲ ಅವತ್ತು,
ಟೀ ಇಬ್ಬರೂ ಕುಡಿದೆವು.

ಸಂಜೆ ಕುಸುರೆಗೆಂದು ಹುಲ್ಲು ತರಲು ಹೋದಾಗ ಕಂಡೆ:
ಬಾಗಿಲ ಹತ್ತಿರದ ಒಂದು ಸಾಲಿಗೆ ಹೊಡೆದಿದ್ದ ಗೀಟನ್ನು
ಎಂಜಲು ಬೆರಳಿನಲ್ಲಿ ಉಜ್ಜಿದ್ದಾಳೆ,
ಪೂರ್ತಿ ಹೋಗದೆ ಬೂದಿಯಂತೆ ಮೆತ್ತಿಕೊಂಡಿದೆ.
ಇಂ, ಸೂ, ಚ, ಮಾ, ಭ.
ಮೊದಲ ಅಕ್ಷರ ಅಳಿಸಿಲ್ಲ.